ನಿಕಾಲಿ ಆಗುವವರೆಗೆ

ನಮ್ಮ ಹುನ್ನೂರ, ಜಮಖಂಡಿ, ಮುಧೋಳ ಸೀಮೆಯಲ್ಲಿ ಜಾತ್ರೆಯೆಂದರೆ ತೇರಿನಷ್ಟೇ ಕುಸ್ತಿಯೂ ಇರಬೇಕು. ಹಲಗಿ ಬಡಿತದ ನಡುವೆ ಸಣ್ಣ ಜೋಡಿಗಳು ಮೊದಲು ಕಣಕ್ಕಿಳಿಯುತ್ತವೆ. ಹೊತ್ತು ಮೀರಿದರೂ ಯಾರೂ ಚಿತ್ ಆಗದಿದ್ದರೆ ಪಂಚರು ನಡುವೆ ಬಂದು ಬಿಡಿಸಿ, ‘ಬರೋಬರಿ ಆತು’ ಎಂದು ಇಬ್ಬರ ಕೈಯನ್ನೂ ಎತ್ತುತ್ತಾರೆ. ಜನ ಚಪ್ಪಾಳೆ ತಟ್ಟುತ್ತಾರೆ, ಆದರೆ ಯಾರೂ ಎದ್ದು ಹೋಗುವುದಿಲ್ಲ. ಅವರು ಕಾದು ಕೂತಿರುವುದು ಕೊನೆಯ ಜೋಡಿಗೆ. ಅದು ನಿಕಾಲಿ ಕುಸ್ತಿ. ಒಬ್ಬನ ಬೆನ್ನು ಮಣ್ಣಿಗೆ ತಾಗುವ ತನಕ ಅದಕ್ಕೆ ಮುಕ್ತಾಯವಿಲ್ಲ. ‘ನಿಕಾಲಿ ಆಗಲಿಲ್ಲಂದ್ರ ಅದೇನ್ ಕುಸ್ತಿ?’ ಎನ್ನುವ ಮಾತು ಈ ಸೀಮೆಯಲ್ಲಿ ಯಾವ ಹಿರಿಯರ ಬಾಯಲ್ಲಾದರೂ ಬಂದೀತು.

ಫುಟ್‌ಬಾಲ್ ಈ ಮಣ್ಣಿನ ಆಟವಲ್ಲ. ಆದರೂ ಸಂತೋಷ್ ಟ್ರೋಫಿಯ ಹಳೆಯ ಫೈನಲ್‌ಗಳ ಪಟ್ಟಿ ನೋಡುವಾಗಲೆಲ್ಲ ನನಗೆ ಈ ನಿಕಾಲಿ ಕುಸ್ತಿಯೇ ನೆನಪಾಗುತ್ತದೆ. ಮೈಸೂರು ಎಂಬ ಹೆಸರಿನಲ್ಲಿ, ಆಮೇಲೆ ಕರ್ನಾಟಕ ಎಂಬ ಹೆಸರಿನಲ್ಲಿ ನಮ್ಮ ತಂಡ ಆ ಕಪ್ಪಿನ ಫೈನಲ್ ತಲುಪಿದ್ದು ಹತ್ತು ಸಲ. ಐದು ಗೆಲುವು, ಐದು ಸೋಲು. ಆ ಹತ್ತರಲ್ಲಿ ಐದು ಫೈನಲ್‌ಗಳು ಒಂದೇ ದಿನಕ್ಕೆ ಮುಗಿಯಲಿಲ್ಲ. ಮೊದಲ ಪಂದ್ಯ ಸಮವಾಯಿತು, ಎರಡನೆಯದನ್ನು ಆಡಬೇಕಾಯಿತು. ಕಪ್ಪಿನ ಮೇಲೆ ಹೆಸರು ಕೆತ್ತಿಸಿದ್ದು ಎರಡನೆಯ ಪಂದ್ಯ. ಮೊದಲನೆಯದನ್ನು ನೆನೆಯುವವರು ಕಡಿಮೆ, ನನಗೆ ಕುತೂಹಲವಿರುವುದು ಆ ಎರಡರ ನಡುವಿನ ಸಂಬಂಧದಲ್ಲಿ.

ಎರಡು ಸಲ ಆಡುವ ಫೈನಲ್ ಎಂದರೆ ಈಗಿನ ಓದುಗರಿಗೆ ತಟ್ಟನೆ ಹೊಳೆಯುವುದು ಎರಡು ಲೆಗ್‌ಗಳ ಪದ್ಧತಿ. ಒಂದು ಪಂದ್ಯ ನಿಮ್ಮ ಊರಿನಲ್ಲಿ, ಇನ್ನೊಂದು ಎದುರಾಳಿಯ ಊರಿನಲ್ಲಿ, ಎರಡರ ಗೋಲು ಕೂಡಿಸಿ ತೀರ್ಪು. ಯುರೋಪಿನ ಯುಇಎಫ್‌ಎ ಕಪ್ ಫೈನಲ್ 1972ರಿಂದ 1997ರವರೆಗೆ ಹೀಗೇ ನಡೆಯಿತು. ದಕ್ಷಿಣ ಅಮೆರಿಕದ ಲಿಬರ್ಟಡೋರೆಸ್ ಕಪ್ಪಿನ ಫೈನಲ್ 2018ರವರೆಗೂ ಎರಡು ಅಂಗಳಗಳದ್ದೇ ಆಗಿತ್ತು. ನಮ್ಮ ಸಂತೋಷ್ ಟ್ರೋಫಿಯದು ಆಗ ಬೇರೆ ದಾರಿ. ತಂಡಗಳೆಲ್ಲ ಒಂದೇ ಊರಿಗೆ ಬಂದಿಳಿಯಬೇಕಿತ್ತು, ಅಲ್ಲೇ ಆಡಿ ಮುಗಿಸಬೇಕಿತ್ತು. ಫೈನಲ್ ಸಮವಾದರೆ ಅದೇ ಊರಿನಲ್ಲಿ ಮರುಪಂದ್ಯ, ಮೊದಲ ದಿನದ ಲೆಕ್ಕ ಪೂರ್ತಿ ಅಳಿಸಿ ಹೊಸದಾಗಿ ಶುರುವಾಗುತ್ತಿತ್ತು. ನೋಡಲು ಸಣ್ಣ ವ್ಯತ್ಯಾಸ. ಆದರೆ ಯಾರ ಊರು ಎನ್ನುವುದು ಎರಡೆರಡು ಸಲ ಒಬ್ಬರ ಕಡೆಗೇ ವಾಲುತ್ತಿತ್ತು. ಮೈಸೂರಿನ ಪಾಲಿಗೆ ಅದು ಹೇಗೆ ವಾಲಿತು ಎಂಬುದೇ ಈ ಕತೆ.

ಕಪ್ಪಿನ ಹೆಸರಿನ ಬಗ್ಗೆ ಒಂದು ಮಾತು. ಕನ್ನಡದ ಕಿವಿಗೆ ಸಂತೋಷ ಎಂದರೆ ಹಿಗ್ಗು. ಇಲ್ಲಿ ಅದು ಊರಿನ ಹೆಸರು, ಈಗಿನ ಬಾಂಗ್ಲಾದೇಶದ ಟಾಂಗೈಲ್ ಕಡೆಯ ಒಂದು ಜಮೀನ್ದಾರಿ. ಅದರ ಮಹಾರಾಜ ಮನ್ಮಥನಾಥ ರಾಯ್ ಚೌಧುರಿ ಫುಟ್‌ಬಾಲಿನ ದೊಡ್ಡ ಪೋಷಕರಾಗಿದ್ದರು, 1939ರಲ್ಲಿ ತೀರಿಕೊಂಡರು. ಅವರ ನೆನಪಿಗೆ ಬಂಗಾಳದ ಫುಟ್‌ಬಾಲ್ ಸಂಸ್ಥೆ ಕೊಟ್ಟ ಕಪ್ಪಿಗಾಗಿ 1941ರಿಂದ ಪ್ರಾಂತಗಳ ತಂಡಗಳು ಸೆಣಸತೊಡಗಿದವು. ಮೂರನೆಯ ಸ್ಥಾನಕ್ಕೂ ಒಂದು ಕಪ್ಪುಂಟು, ಅದರ ಹೆಸರು ಸಂಪಂಗಿ ಕಪ್. ಬೆಂಗಳೂರಿನವರಿಗೆ ಸಂಪಂಗಿ ಎಂದರೆ ಕೆರೆ ನೆನಪಾಗುತ್ತದೆ. ಬತ್ತಿಸಿದ ಆ ಕೆರೆಯಂಗಳದಲ್ಲೇ ಈಗ ಕಂಠೀರವ ಕ್ರೀಡಾಂಗಣವಿದೆ. ಈ ಕಪ್ಪಿನ ಸಂಪಂಗಿ ಮಾತ್ರ ಒಬ್ಬ ಆಟಗಾರ, ಮೈಸೂರಿನವರು. ಅವರ ನೆನಪಿಗೆ ಮೈಸೂರು ಫುಟ್‌ಬಾಲ್ ಸಂಸ್ಥೆಯೇ ಅದನ್ನು ಕೊಟ್ಟಿತು. ದೇಶದ ದೊಡ್ಡ ಪಂದ್ಯಾವಳಿಯೊಂದರಲ್ಲಿ ಕನ್ನಡ ನಾಡಿನ ಆಟಗಾರನ ಹೆಸರು ಹೀಗೆ ಉಳಿದಿದೆ ಎನ್ನುವುದನ್ನು ನಮ್ಮವರೇ ಮರೆತಿದ್ದಾರೆ, ಅದು ನನಗೆ ಬೇಸರದ ಸಂಗತಿ.

ಬೆಂಗಳೂರಿಗೆ ಚೆಂಡು ಬಂದದ್ದು ದಂಡಿನ ಜೊತೆ. 1809ರಲ್ಲಿ ಕಂಟೋನ್ಮೆಂಟ್ ಎದ್ದ ಮೇಲೆ ಗೋರಾ ಪಲ್ಟನ್ನುಗಳು ಅಲ್ಲಿ ಬೀಡುಬಿಟ್ಟವು, ಅವರ ಆಟವನ್ನು ಸುತ್ತಲಿನ ಹಲಸೂರು, ಗೌತಮಪುರ, ಆಸ್ಟಿನ್ ಟೌನ್ ಬೀದಿಗಳ ಹುಡುಗರು ಕಲಿತರು. ಕಲಿಸಿದವರನ್ನೇ ಸೋಲಿಸುವ ಮಟ್ಟಕ್ಕೂ ಬೆಳೆದರು. ಬೊಂಬಾಯಿಯ ರೋವರ್ಸ್ ಕಪ್ 1891ರಿಂದ ನಡೆಯುತ್ತಿದ್ದ ಪಂದ್ಯಾವಳಿ, ದಶಕಗಳ ಕಾಲ ಗೋರಾ ಪಲ್ಟನ್ನುಗಳ ಸೊತ್ತು. 1937ರಲ್ಲಿ ಬೆಂಗಳೂರ್ ಮುಸ್ಲಿಮ್ಸ್ ತಂಡ ಕೋಲ್ಕತ್ತದ ಮೊಹಮ್ಮಡನ್ ಸ್ಪೋರ್ಟಿಂಗನ್ನು 1-0ಯಿಂದ ಸೋಲಿಸಿ ಅದನ್ನು ಎತ್ತಿಕೊಂಡಿತು. ಆ ಕಪ್ ಗೆದ್ದ ಮೊದಲ ಭಾರತೀಯ ತಂಡ ಅದು. ಮರುವರ್ಷ ಆರ್ಗೈಲ್ ಅಂಡ್ ಸದರ್‌ಲೆಂಡ್ ಹೈಲ್ಯಾಂಡರ್ಸ್ ಪಲ್ಟನ್ನನ್ನು 3-2ರಿಂದ ಮಣಿಸಿ ಮತ್ತೆ ಗೆದ್ದಿತು. ಮೈಸೂರು ತಂಡದ ಬೇರು ಇರುವುದು ಈ ಬೀದಿಗಳಲ್ಲೇ.

1946-47ರಲ್ಲಿ ಸಂತೋಷ್ ಟ್ರೋಫಿ ಬೆಂಗಳೂರಿಗೆ ಬಂತು. ಫೈನಲ್‌ನಲ್ಲಿ ಮೈಸೂರಿಗೆ ಎದುರಾಗಿ ನಿಂತದ್ದು ಬಂಗಾಳ, ಹಿಂದಿನ ವರ್ಷವಷ್ಟೇ ಬೊಂಬಾಯಿಯನ್ನು ಅದರ ಅಂಗಳದಲ್ಲೇ ಸೋಲಿಸಿ ಬಂದಿದ್ದ ತಂಡ. ಮೊದಲ ದಿನ ಒಂದೂ ಗೋಲು ಬರಲಿಲ್ಲ. ಮರುಪಂದ್ಯದಲ್ಲಿ ಮೈಸೂರು ಗೆದ್ದಿತು. ಕನ್ನಡ ನಾಡಿನ ಮೊದಲ ರಾಷ್ಟ್ರೀಯ ಫುಟ್‌ಬಾಲ್ ಕಿರೀಟ ಬಂದದ್ದು ಹೀಗೆ, ಎರಡನೆಯ ಸುತ್ತಿನ ನಿಕಾಲಿಯಲ್ಲಿ.

ಕನ್ನಡ ನಾಡು ಎಂದೆನಲ್ಲ, ಅಂದಿನ ಮಟ್ಟಿಗೆ ಆ ಮಾತನ್ನು ತಿದ್ದಬೇಕು. ಆಗ ಮೈಸೂರೆಂದರೆ ಜಯಚಾಮರಾಜ ಒಡೆಯರ ಸಂಸ್ಥಾನ. ನಮ್ಮ ಕಡೆ ಒಂದು ಹರದಾರಿ ನಡೆದರೆ ದೊರೆಯೇ ಬದಲಾಗುತ್ತಿದ್ದ ಕಾಲ. ಜಮಖಂಡಿಯಲ್ಲಿ ಪಟವರ್ಧನರು, ಮುಧೋಳದಲ್ಲಿ ಘೋರ್ಪಡೆಯವರು. ರಬಕವಿ ಸಾಂಗಲಿ ಸಂಸ್ಥಾನಕ್ಕೆ ಸೇರಿದ್ದರೆ ಅದರ ಮಗ್ಗುಲಿನ ಬನಹಟ್ಟಿ ಜಮಖಂಡಿಗೆ. ಬೀಳಗಿ ಬ್ರಿಟಿಷರ ಬಿಜಾಪುರ ಜಿಲ್ಲೆಯ ಪಾಲು. ಇಂದು ಒಂದೇ ಬಸ್ಸಿನಲ್ಲಿ ಸುತ್ತಿ ಬರಬಹುದಾದ ಊರುಗಳು ಆಗ ನಾಲ್ಕು ಆಡಳಿತಗಳಲ್ಲಿ ಹರಿದು ಹಂಚಿದ್ದವು. ಬೆಂಗಳೂರಿನ ಆ ಗೆಲುವು ಹುನ್ನೂರಿಗೆ ಪರದೇಶದ ಸುದ್ದಿ. ಈ ನಾಲ್ಕೂ ತುಂಡುಗಳು ಆ ತಂಡದ ಹೆಸರಿನೊಳಗೆ ಬಂದು ಸೇರಲು 1956ರ ನವೆಂಬರ್ 1 ಬರಬೇಕಾಯಿತು. ಫುಟ್‌ಬಾಲ್ ಪಟ್ಟಿಯನ್ನು ನಾನು ಏಕೀಕರಣದ ಕತೆಯಂತೆಯೂ ಓದುವುದು ಇದಕ್ಕೇ.

ಆ ಗೆಲುವಿನ ಬೆನ್ನಿಗೆ ಬಂದ ವರ್ಷಗಳು ಬೆಂಗಳೂರಿನ ಆಟಕ್ಕೆ ಸುಗ್ಗಿಯ ಕಾಲ. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಭಾರತ ಫ್ರಾನ್ಸಿಗೆ 1-2ರಿಂದ ಸೋತಿತು. ಭಾರತದ ಆ ಒಂದು ಗೋಲು ಹೊಡೆದವರು ಸಾರಂಗಪಾಣಿ ರಾಮನ್, ಮೈಸೂರು ಸಂಸ್ಥಾನದ ಆಟಗಾರ. ನಾಲ್ಕು ವರ್ಷ ಬಿಟ್ಟು ಹೆಲ್ಸಿಂಕಿಯಲ್ಲಿ ಯುಗೊಸ್ಲಾವಿಯ 10-1ರಿಂದ ನಮ್ಮನ್ನು ಜಜ್ಜಿಹಾಕಿತು. ಆ ಒಂದನ್ನು ಹೊಡೆದವರು ಅಹ್ಮದ್ ಖಾನ್, ಬೆಂಗಳೂರಿನಲ್ಲಿ ಹುಟ್ಟಿದವರು. ಅಹ್ಮದ್ ಖಾನರನ್ನು 1949ರಲ್ಲೇ ಕೋಲ್ಕತ್ತದ ಈಸ್ಟ್ ಬೆಂಗಾಲ್ ಕರೆದುಕೊಂಡು ಹೋಗಿತ್ತು. ಅಲ್ಲಿ ವೆಂಕಟೇಶ್, ಅಪ್ಪಾರಾವ್, ಧನರಾಜ್, ಸಾಲೆ ಜೊತೆ ಅವರು ಸೇರಿದ ಮುನ್ಪಡೆಯನ್ನು ಬಂಗಾಳಿಗಳು ಪಂಚಪಾಂಡವರು ಎಂದು ಕೊಂಡಾಡಿದರು. ಐವರೂ ತೆಂಕಣದವರು. ಹೆಸರು ಮಾಡಿದವನಿಗೆ ಕೋಲ್ಕತ್ತದ ಕ್ಲಬ್ಬುಗಳ ಕರೆ ಬರುತ್ತಿತ್ತು, ಹೋದವನಿಗೆ ಸಾಮಾನ್ಯವಾಗಿ ಬಂಗಾಳದ ಅಂಗಿಯೇ ಗತಿ. ಹೀಗಾಗಿ ಮೈಸೂರು–ಬಂಗಾಳ ಫೈನಲ್ ಎಂದರೆ ಎಷ್ಟೋ ಸಲ ಬೆಂಗಳೂರಿನಲ್ಲೇ ಬೆಳೆದ ಕಾಲುಗಳ ಎದುರು ಬೆಂಗಳೂರು ಆಡಿದಂತೆ.

ಅಂಥ ಬಂಗಾಳವನ್ನು 1952-53ರಲ್ಲಿ ಮೈಸೂರು ಬೆಂಗಳೂರಿನಲ್ಲಿ 1-0ಯಿಂದ ಸೋಲಿಸಿತು. ಮರುಪಂದ್ಯದ ಪ್ರಶ್ನೆಯೇ ಬರಲಿಲ್ಲ. ಅದರ ಮುಂದಿನ ವರ್ಷ ಪಂದ್ಯಾವಳಿ ಕೋಲ್ಕತ್ತಕ್ಕೆ ಹೋಯಿತು. ಮದರಾಸಿನಲ್ಲಿ ಗಾಡಿ ಬದಲಿಸಿ, ಕರಾವಳಿಗುಂಟ ಹೌರಾ ತಲುಪುವ ದಾರಿ. ಫೈನಲ್‌ಗೆ ಮತ್ತೆ ಇವೇ ಎರಡು ತಂಡ. ಮೊದಲ ದಿನ 0-0. ಊರೆಲ್ಲ ಎದುರಾಳಿಯ ಕಡೆ ನಿಂತು ಕೂಗುವ ಅಂಗಳದಲ್ಲಿ ಬಂಗಾಳವನ್ನು ಒಂದೂ ಗೋಲಿಲ್ಲದೆ ತಡೆದು ನಿಲ್ಲಿಸುವುದೆಂದರೆ ಅರ್ಧ ಗೆಲುವು. ಆದರೆ ಕಪ್ಪನ್ನು ಅರ್ಧ ಕೊಡುವುದಿಲ್ಲ. ಅದೇ ಊರು, ಅದೇ ಜನ, ದಣಿದ ಅದೇ ಕಾಲುಗಳು: ಮರುಪಂದ್ಯ ಬಂಗಾಳಕ್ಕೆ 3-1.

ಎರಡು ಲೆಗ್‌ಗಳ ಪದ್ಧತಿ ಇದ್ದಿದ್ದರೆ ಎಂದು ನನಗೆ ಅನ್ನಿಸುವುದು ಈ ಜಾಗದಲ್ಲೇ. ಎದುರಾಳಿಯ ಅಂಗಳದಲ್ಲಿ 0-0 ಮಾಡಿಕೊಂಡ ತಂಡ ಎರಡನೆಯ ಪಂದ್ಯಕ್ಕೆ ತನ್ನೂರಿನ ಗಾಡಿ ಹತ್ತುತ್ತದೆ. ಮೈಸೂರಿನ ಹುಡುಗರಿಗೆ ಆ ಗಾಡಿ ಇರಲಿಲ್ಲ. ಇದನ್ನು ಮೋಸ ಎನ್ನಲಾರೆ, ಬೆಂಗಳೂರಿನಲ್ಲಿ ಇದೇ ನಿಯಮ ಮೈಸೂರಿಗೆ ಒದಗಿತ್ತು. ಒಂದು ತಿಂಗಳಿಗೆ ಹತ್ತಾರು ತಂಡಗಳನ್ನು ಒಂದೆಡೆ ಸಾಕುವ ಖರ್ಚಿನಲ್ಲಿ, ಎರಡು ಮೂರು ದಿನದ ರೈಲು ದಾರಿಯ ದೇಶದಲ್ಲಿ, ಫೈನಲ್ಲಿಗಾಗಿ ಮತ್ತೊಂದು ಮೂಲೆಗೆ ತಂಡಗಳನ್ನು ಸಾಗಿಸುವುದು ಆಗದ ಮಾತೇ ಇದ್ದೀತು. ಇಂಗ್ಲೆಂಡಿನಂಥ ಚಿಕ್ಕ ದೇಶದಲ್ಲಾದರೆ ಅಂಗಳವನ್ನಾದರೂ ಬದಲಿಸುತ್ತಿದ್ದರು. 1970ರ ಎಫ್‌ಎ ಕಪ್ ಫೈನಲ್ ವೆಂಬ್ಲಿಯಲ್ಲಿ 2-2 ಆದಾಗ ಚೆಲ್ಸಿ ಮತ್ತು ಲೀಡ್ಸ್ ತಂಡಗಳನ್ನು ಮರುಪಂದ್ಯಕ್ಕೆ ಮ್ಯಾಂಚೆಸ್ಟರಿನ ಓಲ್ಡ್ ಟ್ರಾಫರ್ಡಿಗೆ ಒಯ್ದರು, ಅಲ್ಲಿ ಚೆಲ್ಸಿ 2-1ರಿಂದ ಗೆದ್ದಿತು.

1955-56ರಲ್ಲಿ ಎರ್ನಾಕುಲಂನಲ್ಲಿ ಮತ್ತೆ ಬಂಗಾಳ, 0-1ರ ಸೋಲು. ನಾಲ್ಕು ವರ್ಷದಲ್ಲಿ ಮೂರನೆಯ ಫೈನಲ್. ಆಮೇಲೆ ರಾಜ್ಯ ವಿಶಾಲವಾಯಿತು, ತಂಡ ಮಾತ್ರ ಕೆಲವು ವರ್ಷ ಫೈನಲ್ ಕಾಣಲಿಲ್ಲ. 1962-63ರಲ್ಲಿ ಬೆಂಗಳೂರಿನಲ್ಲೇ ಆಡಿ ಬಂಗಾಳಕ್ಕೆ 0-2ರಿಂದ ಸೋತಿತು. ತವರಿನ ಅಂಗಳವಿದ್ದರೆ ಸಾಕು ಎಂದು ನಾನು ಸುಲಭವಾಗಿ ಹೇಳಲಾಗದಂತೆ ಮಾಡುವ ಫೈನಲ್ ಇದೊಂದೇ.

ಇನ್ನು 1967-68 ಮತ್ತು 1968-69. ಈ ಎರಡು ವರ್ಷಗಳನ್ನು ಒಟ್ಟಿಗೇ ಹೇಳಬೇಕು. ಮೊದಲ ವರ್ಷ ಕಟಕ್‌ನಲ್ಲಿ ಮೈಸೂರು ಬಂಗಾಳವನ್ನು 1-0ಯಿಂದ ಸೋಲಿಸಿತು. ಬಂಗಾಳಕ್ಕೆ ಕಟಕ್ ನೆರೆಮನೆ. ನಮ್ಮವರಿಗೆ ದೂರದ ಊರು. ಹದಿನೈದು ವರ್ಷದ ಮೇಲೆ ಕಪ್ ಮನೆಗೆ ಬಂತು. ಮರುವರ್ಷ ಪಂದ್ಯಾವಳಿ ಬೆಂಗಳೂರಿನಲ್ಲಿ, ಫೈನಲ್‌ನಲ್ಲಿ ಮತ್ತೆ ಅದೇ ಬಂಗಾಳ. ಮೊದಲ ದಿನ 0-0. ಬಂಗಾಳ ಬಂದಿರುವುದು ಹಳೆಯ ಬಾಕಿ ತೀರಿಸಲು, ಮೈಸೂರಿಗೆ ಕೈಯಲ್ಲಿರುವ ಕಪ್ ಉಳಿಸಿಕೊಳ್ಳುವ ಹೊರೆ. ಮರುಪಂದ್ಯದಲ್ಲಿ ಒಂದೇ ಒಂದು ಗೋಲು ಬಂತು, ಅದು ಮೈಸೂರಿನದು.

ಕೂಡಿಸಿ ನೋಡಿ. ಎರಡು ವರ್ಷ, ಎರಡು ಫೈನಲ್, ಮೂರು ಪಂದ್ಯ. ಬಂಗಾಳದಂಥ ತಂಡಕ್ಕೆ ಮೈಸೂರಿನ ಗೋಲಿನೊಳಗೆ ಚೆಂಡನ್ನು ಒಮ್ಮೆಯೂ ದಾಟಿಸಲಾಗಲಿಲ್ಲ. ಮೈಸೂರು ಹೊಡೆದದ್ದು ಎರಡೇ ಗೋಲು, ಎರಡಕ್ಕೂ ಒಂದೊಂದು ಕಪ್. ನಮ್ಮ ಕಡೆ ಇಂಥ ಪೈಲ್ವಾನರನ್ನು ಕಂಡಿದ್ದೇವೆ. ಡಾವು ಹಾಕುವ ಅವಸರವಿಲ್ಲ, ಎದುರಾಳಿಯ ತೂಕವನ್ನೆಲ್ಲ ಹೆಗಲ ಮೇಲೆ ಹೊತ್ತು ನೆಲಕ್ಕೆ ಕಾಲೂರಿ ನಿಲ್ಲುತ್ತಾರೆ, ಅವನ ಉಸಿರು ಒಂದು ಗಳಿಗೆ ತಪ್ಪಿದರೆ ಸಾಕು. ಆ ಮೂರು ಪಂದ್ಯಗಳ ರಕ್ಷಣೆ ಕನ್ನಡ ನಾಡಿನ ಫುಟ್‌ಬಾಲಿನ ಅತಿ ದೊಡ್ಡ ಸಾಧನೆ ಎಂಬುದು ನನ್ನ ಗಟ್ಟಿ ನಂಬಿಕೆ. ಗೋಲು ಹೊಡೆದವರನ್ನು ಹಾಡಿ ಹೊಗಳುವ ರೂಢಿ ನಮ್ಮಲ್ಲಿ ಇದೆ, ಗೋಲು ಆಗದಂತೆ ಕಾಯ್ದವರಿಗೆ ಹಾಡಿಲ್ಲ. ಬೆಳಗ್ಗೆ ಕಾರ್ಖಾನೆಯ ಸೈರನ್ನಿಗೆ ಓಡಿ, ಸಂಜೆ ಬೂಟು ಕಟ್ಟುತ್ತಿದ್ದ ನೌಕರರ ಕಾಲ ಅದು. ಎಚ್‌ಎಎಲ್, ಐಟಿಐಗಳಂಥ ಕಾರ್ಖಾನೆಗಳು, ದಂಡಿನ ತಂಡಗಳು ಬೆಂಗಳೂರಿನ ಆಟಗಾರರಿಗೆ ಅನ್ನ ಕೊಟ್ಟವು.

ಈ ಸಲ ಕಪ್ಪಿನ ಮೇಲೆ ಬಂದ ಮೈಸೂರು ಎಂಬ ಹೆಸರಿನಲ್ಲಿ ಹುನ್ನೂರೂ ಇತ್ತು, ಬಿಜಾಪುರ ಜಿಲ್ಲೆಯ ಮೂಲಕ. ತಂಡದಲ್ಲಿ ನಮ್ಮ ಸೀಮೆಯ ಹುಡುಗರಿಗೆ ಜಾಗವಿರಲಿಲ್ಲ, ಆಟದ ಬೇರು ಕಂಟೋನ್ಮೆಂಟ್ ಬೀದಿಗಳಾಚೆ ಅಷ್ಟಾಗಿ ಹರಡಿರಲಿಲ್ಲ. ಹೆಸರು ಬೀದರಿನವರೆಗೆ ಹಿಗ್ಗಿದರೂ ಅಂಗಳ ಹಲಸೂರಿನ ಸುತ್ತಲೇ ಉಳಿಯಿತು. ಕಂಠೀರವದ ಹುಲ್ಲಿನ ಮೇಲೆ ಜಮಖಂಡಿಯ ಒಬ್ಬ ಹುಡುಗ ಆಡುವುದನ್ನು ನೋಡುವ ಆಸೆ ನನಗೆ ಇಂದಿಗೂ ಇದೆ.

1970-71ರಲ್ಲಿ ಎದುರಾಳಿ ಬದಲಾದ. ಜಲಂಧರ್‌ನಲ್ಲಿ ಪಂಜಾಬ್. ಮೊದಲ ದಿನ 1-1. ಮರುಪಂದ್ಯ ಪಂಜಾಬಿಗೆ 3-1. ಅದಾದ ಮೇಲೆ 1973ರ ನವೆಂಬರ್ 1ರಂದು ರಾಜ್ಯದ ಹೆಸರು ಕರ್ನಾಟಕವಾಯಿತು. ಆ ಹೆಸರಿನಲ್ಲಿ ತಂಡ ಮೊದಲ ಸಲ ಫೈನಲ್ ಮುಟ್ಟಿದ್ದು 1975-76ರಲ್ಲಿ, ಕಲ್ಲಿಕೋಟೆಯಲ್ಲಿ. ಎದುರಿಗೆ ಹಳೆಯ ಜೋಡಿ ಬಂಗಾಳ. ಮೊದಲ ದಿನ 0-0, ಎರಡನೆಯ ಸಲ ಬಂಗಾಳಕ್ಕೆ 3-1.

ಕೋಲ್ಕತ್ತ, ಜಲಂಧರ್, ಕಲ್ಲಿಕೋಟೆ. ಮೂರೂ ಕಡೆ ಮೊದಲ ದಿನ ತಡೆದು ನಿಂತರು, ಮೂರೂ ಕಡೆ ಮರುಪಂದ್ಯ 3-1ರಿಂದ ಕೈಬಿಟ್ಟಿತು. ಬೆಂಗಳೂರಿನಲ್ಲಿ ಎರಡು ಮರುಪಂದ್ಯ ಆಡಿದರು, ಎರಡನ್ನೂ ಗೆದ್ದರು. ಕಲ್ಲಿಕೋಟೆ ಇಬ್ಬರಿಗೂ ಪರ ಊರು, ಅದನ್ನು ಈ ಲೆಕ್ಕದಿಂದ ಬಿಡಬೇಕು. ಉಳಿದ ನಾಲ್ಕರಲ್ಲೂ ಮರುಪಂದ್ಯ ಗೆದ್ದದ್ದು ಆ ಊರಿನ ತಂಡವೇ. ಮೊದಲ ದಿನ ಹುರುಪಿನ ಮೇಲೆ ಯಾವ ಅಂಗಳದಲ್ಲಾದರೂ ಸಮ ನಿಲ್ಲಬಹುದು. ಎರಡು ಮೂರು ದಿನ ಬಿಟ್ಟು, ಮಾಗದ ಗಾಯಗಳ ಜೊತೆ ಮತ್ತೆ ಇಳಿಯುವಾಗ ತವರಿನ ಕೂಗು ಕಾಲಿಗೆ ಬಲ ಕೊಡುತ್ತದೆ ಎಂದೇ ನಾನು ಇದನ್ನು ಓದುತ್ತೇನೆ.

1970ರಲ್ಲೇ ಫುಟ್‌ಬಾಲಿನ ನಿಯಮಗಳಿಗೆ ಪೆನಾಲ್ಟಿ ಶೂಟೌಟ್ ಸೇರಿತ್ತು. ಸಂತೋಷ್ ಟ್ರೋಫಿ ಅದಕ್ಕೆ ಬೇಗ ಒಗ್ಗಲಿಲ್ಲ. 1982-83ರಲ್ಲಿ ಕೋಲ್ಕತ್ತದಲ್ಲಿ ಬಂಗಾಳ ಮತ್ತು ಗೋವಾ ಮೊದಲ ದಿನ 0-0, ಮರುಪಂದ್ಯವೂ 0-0. ಕೊನೆಗೆ ಇಬ್ಬರನ್ನೂ ವಿಜಯಿಗಳೆಂದು ಸಾರಿದರು. ನಮ್ಮ ಕುಸ್ತಿ ಕಣದ ಜನ ಅದನ್ನು ಒಪ್ಪುತ್ತಿರಲಿಲ್ಲ. ಕ್ಲಬ್ಬುಗಳ ಫೆಡರೇಷನ್ ಕಪ್ಪಿಗೂ ಇದೇ ಹಣೆಬರಹ ಬಂದಿತ್ತು, 1978ರಲ್ಲಿ ಮೋಹನ್ ಬಾಗಾನ್ ಮತ್ತು ಈಸ್ಟ್ ಬೆಂಗಾಲ್ ಅದನ್ನು ಹಂಚಿಕೊಂಡವು. ಆ ಕಪ್ಪಿನ ಮೊಟ್ಟಮೊದಲ ವಿಜಯಿ ಮಾತ್ರ ಹಂಚಿಕೊಂಡು ಗೆದ್ದದ್ದಲ್ಲ. 1977ರಲ್ಲಿ ಬೆಂಗಳೂರಿನ ಐಟಿಐ ತಂಡ, ದೂರವಾಣಿ ತಯಾರಿಸುವ ನೌಕರರ ತಂಡ, ಎರ್ನಾಕುಲಂನಲ್ಲಿ ಮೋಹನ್ ಬಾಗಾನನ್ನು 1-0ಯಿಂದ ಸೋಲಿಸಿತ್ತು.

ಕಲ್ಲಿಕೋಟೆಯ ನಂತರ ಕರ್ನಾಟಕ ಸಂತೋಷ್ ಟ್ರೋಫಿಯ ಫೈನಲ್ಲಿಗಾಗಿ ನಾಲ್ಕು ದಶಕಕ್ಕೂ ಹೆಚ್ಚು ಕಾಲ ಕಾಯಿತು. ಬೆಂಗಳೂರಿನಲ್ಲಿ 1968-69ರ ಮರುಪಂದ್ಯ ನೋಡಿದ ಹುಡುಗರು ಅಜ್ಜಂದಿರಾದ ಮೇಲೆ, 2023ರ ಮಾರ್ಚ್ 4ರಂದು, ಸೌದಿ ಅರೇಬಿಯದ ರಿಯಾಧ್‌ನಲ್ಲಿ ಆ ದಿನ ಬಂತು. ಮೊದಲ ಸಲ ಫೈನಲ್ ತಲುಪಿದ್ದ ಮೇಘಾಲಯ ಎದುರಾಳಿ. ಆಟ ಶುರುವಾದ ಕೆಲವೇ ನಿಮಿಷಕ್ಕೆ ಸುನಿಲ್ ಕುಮಾರ್ ಗೋಲು ಹೊಡೆದರು. ಮೇಘಾಲಯ ಪೆನಾಲ್ಟಿಯಿಂದ ಸಮ ಮಾಡಿತು. ಬೇಕೆ ಓರಂ ಎರಡನೆಯದನ್ನು, ಅರ್ಧವಿರಾಮದ ಹೊಸ್ತಿಲಲ್ಲಿ ರಾಬಿನ್ ಯಾದವ್ ಮೂರನೆಯದನ್ನು ಹೊಡೆದರು. ಕೊನೆಗೆ 3-2. ತರಬೇತುದಾರ ರವಿಬಾಬು ರಾಜು. ಒಂದು ಕಾಲಕ್ಕೆ ನಮ್ಮ ಹುಡುಗರು ಬಂಗಾಳದ ಅಂಗಿ ತೊಟ್ಟರು, ಈಗ ಬೇರೆ ಸೀಮೆಗಳ ಹೆಸರುಳ್ಳ ಹುಡುಗರು ಕರ್ನಾಟಕದ ಅಂಗಿ ತೊಟ್ಟು ಕಪ್ ತಂದರು. ಯಾರಿಗೂ ತವರಲ್ಲದ ಅಂಗಳ, ಒಂದೇ ದಿನದ ನಿಕಾಲಿ.

ಎರಡನೆಯ ಪಂದ್ಯಕ್ಕೆ ತವರಿನ ಗಾಡಿ ಹತ್ತುವ ಭಾಗ್ಯ ಬೆಂಗಳೂರಿಗೆ ಸಿಕ್ಕಿದ್ದು ಅದಕ್ಕೂ ಮೊದಲು, ಬೇರೊಂದು ಕಪ್ಪಿನಲ್ಲಿ. 2016ರ ಎಎಫ್‌ಸಿ ಕಪ್ ಸೆಮಿಫೈನಲ್, ಎರಡು ಲೆಗ್‌ಗಳದು. ಎದುರಾಳಿ ಮಲೇಷ್ಯಾದ ಜೊಹೊರ್ ದಾರುಲ್ ತಾಜಿಂ, ಹಿಂದಿನ ವರ್ಷದ ವಿಜಯಿ. ಸೆಪ್ಟೆಂಬರ್‌ನಲ್ಲಿ ಜೊಹೊರ್ ಬಾರುವಿನಲ್ಲಿ ಮೊದಲ ಪಂದ್ಯ, ಯೂಜಿನ್‌ಸನ್ ಲಿಂಗ್ಡೊ ಗೋಲಿನಿಂದ ಬೆಂಗಳೂರು ಎಫ್‌ಸಿ 1-1 ಮಾಡಿಕೊಂಡು ಮರಳಿತು. ಜಲಂಧರ್‌ನಲ್ಲಿ ಮೈಸೂರು ಮೊದಲ ದಿನ ನಿಂತದ್ದು ಇದೇ 1-1ರಲ್ಲಿ. ಆದರೆ ಈ ಸಲ ಎರಡನೆಯ ಪಂದ್ಯ ಕಂಠೀರವದಲ್ಲಿ, ಸಂಪಂಗಿ ಕೆರೆಯ ಅಂಗಳದಲ್ಲಿ. ಅಕ್ಟೋಬರ್ 19ರ ರಾತ್ರಿ ಗ್ಯಾಲರಿಯಲ್ಲಿ ನೀಲಿ ಅಂಗಿಗಳ ಕೂಗು ಎದ್ದಿರುವಾಗಲೇ ಜೊಹೊರ್ ಮೊದಲ ಗೋಲು ಹೊಡೆಯಿತು. ಸುನಿಲ್ ಛೇತ್ರಿ ಸಮ ಮಾಡಿದರು, ಆಮೇಲೆ ಮುನ್ನಡೆ ಕೊಟ್ಟರು. ಸ್ಪೇನಿನ ಹುವಾನನ್ ಇನ್ನೊಂದು ಸೇರಿಸಿದರು. ಅಂಗಳದ ಫಲಕದಲ್ಲಿ 3-1 ಎಂದು ಮೂಡಿತು, ಈ ಸಲ ಮೂರು ನಮ್ಮ ಕಡೆಗಿತ್ತು.